ಜಪಾನಿನ ಮೊದಲ ಸಿನಿಮಾ ಸ್ಟಾರ್ ಯಾರು? ಅವರು ಹೇಗೆ ಬೆಳೆದರು?

ಒನೋಯೆ ಮತ್ಸುನೊಸುಕೆ. 1875ರಲ್ಲಿ ಒಕಯಾಮಾದಲ್ಲಿ ಹುಟ್ಟಿದವರು. ಚಿಕ್ಕಂದಿನಲ್ಲೇ ಬಣ್ಣ ಹಚ್ಚಿ, ಊರೂರು ಅಲೆಯುವ ನಾಟಕ ತಂಡಗಳಲ್ಲಿ ಪಳಗಿದರು. ಅವರನ್ನು ಸಿನಿಮಾಕ್ಕೆ ಕರೆತಂದವರು ಕ್ಯೋಟೋದ ನಿರ್ದೇಶಕ ಮಕಿನೊ ಶೋಜೊ. 1909ರಲ್ಲಿ ಮೊದಲ ಚಿತ್ರ ಬಂತು. ಆಮೇಲೆ ನಿಕ್ಕತ್ಸು ಕಂಪನಿಯ ದೊಡ್ಡ ತಾರೆಯಾದರು.

ಜನ ಅವರನ್ನು ಪ್ರೀತಿಯಿಂದ 'ಕಣ್ಣುಗುಡ್ಡೆಯ ಮಚ್ಚಾನ್' ಅಂತ ಕರೆಯುತ್ತಿದ್ದರು; ಮಚ್ಚಾನ್ ಅಂದರೆ ಮತ್ಸುನೊಸುಕೆ ಹೆಸರಿನ ಮುದ್ದಿನ ರೂಪ. ಕತ್ತಿ ಹಿಡಿದು ನಿಂತು, ಕಣ್ಣು ಅಗಲಿಸಿ ದಿಟ್ಟಿಸುವುದೇ ಅವರ ಗುರುತು. ನಮ್ಮ ಯಕ್ಷಗಾನದ ಬಣ್ಣದ ವೇಷ ಕಣ್ಣರಳಿಸಿ ನಿಲ್ಲುತ್ತದಲ್ವಾ, ನನಗೆ ಅದೇ ನೆನಪಾಗುತ್ತದೆ. ಆಗ ಸಿನಿಮಾಕ್ಕೆ ಮಾತಿಲ್ಲ. ಪರದೆಯ ಪಕ್ಕದಲ್ಲಿ 'ಬೆನ್ಶಿ' ಎಂಬ ಕಥೆಗಾರ ಕೂತು ಎಲ್ಲರ ಮಾತನ್ನೂ ಹೇಳುತ್ತಿದ್ದ.

1921ರ 'ಜಿರಾಯಾ' ಚಿತ್ರದಲ್ಲಿ ಅವರು ಮಂತ್ರವಾದಿ. ಬೆರಳು ಹೆಣೆದು ಮಂತ್ರ ಹೇಳುತ್ತಾರೆ, ಹೊಗೆ ಏಳುತ್ತದೆ, ಅವರಿದ್ದ ಜಾಗದಲ್ಲಿ ದೊಡ್ಡ ಕಪ್ಪೆ! ಕ್ಯಾಮೆರಾ ನಿಲ್ಲಿಸಿ ಆಳನ್ನು ಬದಲಿಸುವ ಉಪಾಯ ಅಷ್ಟೇ. ಮಕ್ಕಳಿಗೆ ಇದೆಂದರೆ ಪ್ರಾಣ.

ಸಾವಿರ ಚಿತ್ರಗಳಿಗಿಂತ ಜಾಸ್ತಿ ಮಾಡಿದರು. ಹೆಚ್ಚಿನವು ತುಂಬಾ ಚಿಕ್ಕವು. ಇವತ್ತು ಉಳಿದಿರುವುದು ಬೆರಳೆಣಿಕೆಯಷ್ಟೇ, ಅದೇ ಸಂಕಟ. ಬಡವರ ಮನೆಗಳಿಗಾಗಿ ಹಣವನ್ನೂ ಕೊಟ್ಟಿದ್ದರು. 1926ರಲ್ಲಿ ತೀರಿಕೊಂಡರು. ಕ್ಯೋಟೋದ ಕಾಮೊ ನದಿ ದಂಡೆಯ ಪಾರ್ಕಿನಲ್ಲಿ ಅವರ ಪ್ರತಿಮೆ ಇದೆ.