ಸೋಂಕು ಹೋಯಿತು, ಕೈ ಯಾಕೆ ಏಳುತ್ತಿಲ್ಲ?

ಈ ಸಲ ಬಂದ ಪತ್ರಗಳಲ್ಲಿ ನಾಲ್ಕು ಒಂದೇ ವಿಷಯದ ಸುತ್ತ ಇವೆ: ದೊಡ್ಡ ಕಾಯಿಲೆ, ಐಸಿಯು, ವೆಂಟಿಲೇಟರ್, ಅದಾದ ಮೇಲಿನ ದಿನಗಳು. ನಾನು ಐಸಿಯುನಲ್ಲೂ ರೀಹ್ಯಾಬ್ ವಾರ್ಡಿನಲ್ಲೂ ಫಿಸಿಯೋ ಆಗಿ ಕೆಲಸ ಮಾಡಿದವಳು. ಅದಕ್ಕೇ ನಾಲ್ಕನ್ನೂ ಒಟ್ಟಿಗೆ ತೆಗೆದುಕೊಂಡಿದ್ದೇನೆ.

ಪ್ರಶ್ನೆ: ಮೇಡಂ, ನನ್ನ ಗಂಡನಿಗೆ 46 ವರ್ಷ. ನ್ಯುಮೋನಿಯಾ ಆಗಿ, ಸೋಂಕು ರಕ್ತಕ್ಕೆ ಹರಡಿ, 22 ದಿನ ವೆಂಟಿಲೇಟರ್‌ನಲ್ಲಿದ್ದರು. ಈಗ ಸೋಂಕು ಪೂರ್ತಿ ಹೋಗಿದೆ, ವಾರ್ಡಿಗೆ ತಂದಿದ್ದಾರೆ. ಮಾತು ಅರ್ಥವಾಗುತ್ತೆ, ನನ್ನ ನೋಡಿ ನಗ್ತಾರೆ. ಆದರೆ ಎರಡೂ ಕೈ, ಎರಡೂ ಕಾಲು ಸೋತುಹೋಗಿವೆ. ಮಗ್ಗುಲು ಬದಲಿಸೋಕೆ ಇಬ್ಬರು ಬೇಕು. ಲಕ್ವ ಹೊಡೆದಿದೆಯಾ? ತಲೆಯ ಸ್ಕ್ಯಾನ್ ಸರಿ ಇದೆಯಂತೆ. ಡಾಕ್ಟರು ರೀಹ್ಯಾಬ್ ಸೆಂಟರ್‌ಗೆ ಹೋಗಿ ಅಂತಾರೆ. ನಮ್ಮ ಅತ್ತೆ, ಮೈದುನ ಎಲ್ಲ ಮನೆಗೆ ಕರ್ಕೊಂಡು ಬಾ, ರೆಸ್ಟ್ ತಗೊಂಡರೆ ಸರಿ ಹೋಗ್ತಾನೆ ಅಂತಾರೆ. ಯಾರ ಮಾತು ಕೇಳಲಿ?

ಉತ್ತರ: ಡಾಕ್ಟರ ಮಾತು ಕೇಳಿ. ರೆಸ್ಟ್ ಅವರಿಗೆ 22 ದಿನ ಸಿಕ್ಕಿದೆ. ಇನ್ನೂ ಮಲಗಿಸಿಟ್ಟರೆ ಇರುವ ಶಕ್ತಿಯೂ ಕರಗುತ್ತದೆ.

ಮೊದಲು ಲಕ್ವದ ವಿಷಯ. ಲಕ್ವದಲ್ಲಿ ಪೆಟ್ಟು ಬೀಳುವುದು ಮೆದುಳಿಗೆ. ಹೆಚ್ಚಾಗಿ ಮೈಯ ಒಂದು ಪಕ್ಕ ಸೋಲುತ್ತದೆ, ಬಾಯಿ ಸೊಟ್ಟಗಾಗುತ್ತದೆ. ನೀವು ಬರೆದಿರುವುದು ಬೇರೆ ಥರ ಇದೆ. ಎರಡೂ ಪಕ್ಕ ಒಂದೇ ಹಾಗೆ ಸೋತಿವೆ, ಮುಖ ಸರಿ ಇದೆ, ಸ್ಕ್ಯಾನೂ ಸರಿ ಇದೆ. ಐಸಿಯುನಲ್ಲಿ ಬಹಳ ದಿನ ಇದ್ದವರಿಗೆ ಬರುವ ನಿಶ್ಶಕ್ತಿ ಹೀಗೇ ಇರುತ್ತದೆ. ನರದ ಡಾಕ್ಟರೊಬ್ಬರು ಮುಟ್ಟಿ ನೋಡಿ ಖಚಿತ ಮಾಡಲಿ, ಅದು ಬೇಕೇ ಬೇಕು. ಆದರೆ ನಿಮ್ಮ ಪತ್ರ ಓದಿದಾಗ ನನಗೆ ಮೊದಲು ಹೊಳೆದದ್ದು ಇದೇ.

ಇದು ಸುಮ್ನೆ ಸುಸ್ತಲ್ಲ, ತಾನೇ ಒಂದು ಕಾಯಿಲೆ. ಸೋಂಕು ರಕ್ತಕ್ಕೆ ಹರಡಿದಾಗ ದೇಹ ತನ್ನ ಸ್ನಾಯುಗಳನ್ನೇ ಒಡೆದು ಬಳಸಿಕೊಳ್ಳುತ್ತದೆ. ಜೊತೆಗೆ ಅಲ್ಲಾಡದೆ ಮಲಗಿರುವುದು, ನಿದ್ದೆಯ ಔಷಧಿ, ಕೆಲವರಲ್ಲಿ ನರಗಳಿಗೂ ಪೆಟ್ಟು. 2013ರಲ್ಲಿ ಪ್ರಕಟವಾದ ಒಂದು ಅಧ್ಯಯನದಲ್ಲಿ ಐಸಿಯು ರೋಗಿಗಳ ತೊಡೆಯ ಸ್ನಾಯುವನ್ನು ಅಲ್ಟ್ರಾಸೌಂಡ್ ಹಿಡಿದು ಅಳೆದಿದ್ದರು. ಹತ್ತೇ ದಿನಕ್ಕೆ ಸುಮಾರು ಶೇ. 18ರಷ್ಟು ಕರಗಿತ್ತು. ಒಂದಕ್ಕಿಂತ ಹೆಚ್ಚು ಅಂಗಗಳು ಕೈಕೊಟ್ಟವರಲ್ಲಿ ಇನ್ನೂ ಜಾಸ್ತಿ. ಕಣ್ಣಿಗೆ ಕಾಣದ ಒಂದು ಸ್ನಾಯುವೂ ತೆಳ್ಳಗಾಗಿರುತ್ತದೆ. ಅದು ವಪೆ, ಎದೆಗೂ ಹೊಟ್ಟೆಗೂ ನಡುವೆ ಇದ್ದು ಉಸಿರೆಳೆಯುವ ಸ್ನಾಯು. ಅದರ ಕೆಲಸವನ್ನು 22 ದಿನ ಯಂತ್ರ ಮಾಡಿದೆ. ಅದಕ್ಕೇ ಇಂಥವರು ಎರಡು ಮಾತಾಡಿದರೂ ಏದುಸಿರು ಬಿಡುವುದುಂಟು.

ಇದಕ್ಕೆ ಮಾತ್ರೆ ಇಲ್ಲ. ಸ್ನಾಯುವಿನಿಂದ ಅದಕ್ಕೆ ಆಗುವಷ್ಟೇ ಕೆಲಸ ತೆಗೆಯಬೇಕು, ದಿನಾ ಸ್ವಲ್ಪ ಜಾಸ್ತಿ ಮಾಡುತ್ತಾ ಹೋಗಬೇಕು, ಮಧ್ಯೆ ದಣಿವಾರಿಸಬೇಕು. ಎಷ್ಟು ಬೇಗ ಶುರು ಮಾಡುತ್ತೇವೋ ಅಷ್ಟು ಲಾಭ. 2009ರಲ್ಲಿ ಬಂದ ಒಂದು ಅಧ್ಯಯನ ನನ್ನ ಕೆಲಸದ ರೀತಿಯನ್ನೇ ಬದಲಿಸಿತು. ವೆಂಟಿಲೇಟರ್‌ನಲ್ಲಿದ್ದ ರೋಗಿಗಳಲ್ಲಿ ಒಂದು ಗುಂಪಿಗೆ ಮೊದಲ ದಿನಗಳಿಂದಲೇ, ನಿದ್ದೆಯ ಔಷಧಿ ನಿಲ್ಲಿಸಿ ಎಚ್ಚರಿಸಿದಾಗಲೆಲ್ಲ ವ್ಯಾಯಾಮ ಮಾಡಿಸಿದರು. ಬಾಯಿಯಲ್ಲಿ ಟ್ಯೂಬ್ ಇರುವಾಗಲೇ ಎಬ್ಬಿಸಿ ಕೂರಿಸಿದರು. ಆಸ್ಪತ್ರೆ ಬಿಡುವ ಹೊತ್ತಿಗೆ ಆ ಗುಂಪಿನಲ್ಲಿ 100ಕ್ಕೆ 59 ಜನ ತಮ್ಮ ಕೆಲಸ ತಾವೇ ಮಾಡಿಕೊಳ್ಳುತ್ತಿದ್ದರು. ಇನ್ನೊಂದು ಗುಂಪಿನಲ್ಲಿ 35. ಇದನ್ನು ನಿಮ್ಮ ಮೈದುನನಿಗೆ ಓದಿ ಹೇಳಿ.

ರೀಹ್ಯಾಬ್‌ನಲ್ಲಿ ಏನು ಮಾಡುತ್ತಾರೆ ಅಂದರೆ, ಮೊದಲ ದಿನ ನೋಡಿದರೆ ನಿಮಗೆ ಏನೂ ಮಾಡುತ್ತಿಲ್ಲ ಅನ್ನಿಸಬಹುದು. ಮಂಚದ ಅಂಚಿನಲ್ಲಿ ಕಾಲು ಇಳಿಬಿಟ್ಟು ಐದು ನಿಮಿಷ ಕೂರಿಸುತ್ತಾರೆ, ಅಷ್ಟೇ. ಆ ಐದು ನಿಮಿಷದಲ್ಲಿ ಕತ್ತು ತಲೆಯನ್ನು ಹೊರಬೇಕು, ಬೆನ್ನು ಮೈಯನ್ನು ಹೊರಬೇಕು, ಹೃದಯ ರಕ್ತವನ್ನು ಮೇಲಕ್ಕೆ ತಳ್ಳಬೇಕು. ಮಲಗೇ ಇದ್ದವರಿಗೆ ಕೂತ ತಕ್ಷಣ ಬಿಪಿ ದಬಕ್ಕನೆ ಇಳಿದು ಕಣ್ಣು ಕತ್ತಲೆ ಬರುವುದುಂಟು. ಹಾಗಾಗಿ ಪಕ್ಕದಲ್ಲಿ ಬಿಪಿ, ಆಕ್ಸಿಜನ್ ಅಳೆಯುತ್ತಿರುತ್ತಾರೆ. ಕೆಲವರನ್ನು ಹಲಗೆಗೆ ಬೆಲ್ಟ್ ಕಟ್ಟಿ ಮಲಗಿಸಿ, ಹಲಗೆಯನ್ನೇ ನಿಧಾನವಾಗಿ ನಿಲ್ಲಿಸುತ್ತಾರೆ. ಆಮೇಲೆ ನಿಲ್ಲುವುದು, ವಾಕರ್ ಹಿಡಿಯುವುದು, ಮೆಟ್ಟಿಲು. ಗುಂಡಿ ಹಾಕುವುದು, ಚಮಚ ಹಿಡಿಯುವುದು, ತಾನೇ ಸ್ನಾನ ಮಾಡುವುದು, ಇಷ್ಟನ್ನು ಕಲಿಸಲು ಆಕ್ಯುಪೇಷನಲ್ ಥೆರಪಿಸ್ಟ್ ಅಂತ ಬೇರೆ ಇರುತ್ತಾರೆ. ಮನೆಯಲ್ಲಿ ಪ್ರೀತಿ ಎಷ್ಟೇ ಇದ್ದರೂ ಈ ಕೆಲಸ ಇಬ್ಬರು ಹೆದರಿದ ಮನುಷ್ಯರಿಂದ ಆಗುವುದಿಲ್ಲ. ಜಾರಿ ಬಿದ್ದು ತೊಡೆ ಮೂಳೆ ಮುರಿದರೆ ಮತ್ತೆ ಮೊದಲಿಂದ ಶುರು.

ಸೆಂಟರ್ ಆರಿಸುವಾಗ ಕಟ್ಟಡ ನೋಡಬೇಡಿ. ದಿನಕ್ಕೆ ಒಟ್ಟು ಎಷ್ಟು ಹೊತ್ತು ಥೆರಪಿ ಸಿಗುತ್ತದೆ, ರಾತ್ರಿ ಜ್ವರ ಬಂದರೆ ನೋಡುವ ಡಾಕ್ಟರ್ ಇದ್ದಾರಾ, ಆಕ್ಸಿಜನ್ ಇದೆಯಾ, ನುಂಗುವ ತೊಂದರೆ ನೋಡುವವರು ಇದ್ದಾರಾ, ಮನೆಗೆ ಕಳಿಸುವ ಮುಂಚೆ ನಿಮಗೂ ಕಲಿಸುತ್ತಾರಾ ಅಂತ ಕೇಳಿ. ಇನ್ನೊಂದು ಮಾತು. "ಸುಧಾರಿಸ್ತಿದ್ದಾರಾ?" ಅಂತ ಕೇಳಿದರೆ ಎಲ್ಲರೂ ಹೂಂ ಅಂತಾರೆ. ಅದರ ಬದಲು ಎಂಆರ್‌ಸಿ ಸ್ಕೋರ್ ಎಷ್ಟು ಅಂತ ಕೇಳಿ. ಭುಜ, ಮೊಣಕೈ, ಮಣಿಕಟ್ಟು, ಸೊಂಟದ ಕೀಲು, ಮೊಣಕಾಲು, ಪಾದ, ಇಷ್ಟರ ಶಕ್ತಿಗೆ ಎರಡೂ ಪಕ್ಕ ಸೊನ್ನೆಯಿಂದ ಐದರವರೆಗೆ ಅಂಕ ಕೊಟ್ಟು ಕೂಡುತ್ತಾರೆ. ಪೂರ್ತಿ ಅಂಕ 60. 48ಕ್ಕಿಂತ ಕಡಿಮೆ ಇದ್ದರೆ ಈ ಐಸಿಯು ನಿಶ್ಶಕ್ತಿ ಇದೆ ಅಂತ ಲೆಕ್ಕ. ವಾರಕ್ಕೊಮ್ಮೆ ಬರೆದಿಟ್ಟುಕೊಳ್ಳಿ. ನಿಮ್ಮ ಕಣ್ಣಿಗೆ ಏನೂ ಬದಲಾಗಿಲ್ಲ ಅನ್ನಿಸುವ ವಾರದಲ್ಲೂ ಎರಡು ಅಂಕ ಏರಿರಬಹುದು, ಅದನ್ನು ಅವರಿಗೂ ತೋರಿಸಿ.

ನೀವು ಮಾಡಬೇಕಾದ್ದು, ನಿಮಗೆ ಕಷ್ಟ ಆಗುವಂಥದ್ದು, ಒಂದಿದೆ. ಎಲ್ಲವನ್ನೂ ನೀವೇ ಮಾಡಿಕೊಡಬೇಡಿ. ಮುಖ ಒರೆಸುವ ಬಟ್ಟೆ ಅವರ ಕೈಗೇ ಕೊಡಿ, ಮೊಣಕೈ ಕೆಳಗೆ ನಿಮ್ಮ ಅಂಗೈ ಇಡಿ, ಬಟ್ಟೆ ಬಿದ್ದರೆ ಮತ್ತೆ ಕೊಡಿ. ಹತ್ತು ನಿಮಿಷ ಹಿಡಿಯಲಿ ಬಿಡಿ. ಗಂಡ ಒದ್ದಾಡುವುದನ್ನು ನೋಡುತ್ತಾ ಕೈಕಟ್ಟಿ ಕೂರುವುದು ಎಷ್ಟು ಸಂಕಟ ಅಂತ ನನಗೆ ಗೊತ್ತು. ತಾನೇ ಮುಖ ಒರೆಸಿಕೊಂಡೆ ಅನ್ನುವುದು ಅವರಿಗೆ ದೊಡ್ಡ ವಿಷಯ. ಮಲಗಿರುವಾಗ ಪಾದ ಮುಂದಕ್ಕೆ ಬಾಗಿ ಹಾಗೇ ಬಿಗಿಯದಂತೆ ನೋಡಿಕೊಳ್ಳುವುದನ್ನು ಫಿಸಿಯೋ ಹತ್ತಿರ ಇವತ್ತೇ ಕಲಿಯಿರಿ. ಹಿಮ್ಮಡಿ ಬಿಗಿದರೆ ಕಾಲಿಗೆ ಶಕ್ತಿ ಬಂದ ಮೇಲೂ ನಿಲ್ಲುವುದು ಕಷ್ಟ.

ಎಷ್ಟು ದಿನ ಬೇಕು ಅಂತ ನೀವು ಕೇಳಿಲ್ಲ, ಆದರೆ ಮನಸ್ಸಿನಲ್ಲಿ ಅದೇ ಇರುತ್ತೆ ಅಲ್ವಾ? ತಿಂಗಳುಗಳ ಲೆಕ್ಕ ಇಟ್ಟುಕೊಳ್ಳಿ, ವಾರಗಳದ್ದಲ್ಲ. ಬರೀ ಸ್ನಾಯು ಸೊರಗಿದ್ದರೆ ಬೇಗ ಚೇತರಿಸುತ್ತದೆ. ನರಕ್ಕೂ ಪೆಟ್ಟಾಗಿದ್ದರೆ ನಿಧಾನ. ಹಾಳಾದ ನರ ಮತ್ತೆ ಬೆಳೆಯುವುದು ದಿನಕ್ಕೆ ಸುಮಾರು ಒಂದು ಮಿಲಿಮೀಟರ್, ಸೊಂಟದಿಂದ ಕಾಲಿನ ಹೆಬ್ಬೆರಳಿಗೆ ಎಷ್ಟು ದೂರ ಅಂತ ನೀವೇ ಅಳೆದು ನೋಡಿ. ಕೆಲವರಲ್ಲಿ ಒಂದಿಷ್ಟು ನಿಶ್ಶಕ್ತಿ ಉಳಿದೇ ಬಿಡುತ್ತದೆ, ಅದನ್ನು ಮುಚ್ಚಿಟ್ಟು ನಿಮಗೆ ಧೈರ್ಯ ಹೇಳುವುದು ನನಗೆ ಇಷ್ಟವಿಲ್ಲ. ಆದರೆ ಚಮಚ ಎತ್ತಲಾಗದೆ ಬಂದು ನಡೆದು ಹೋದವರನ್ನು ನಾನು ಬಹಳ ಜನರನ್ನು ನೋಡಿದ್ದೇನೆ. ನೀವೂ ನಿದ್ದೆ ಮಾಡಿ. ರಾತ್ರಿ ಪಾಳಿ ಮೈದುನನಿಗೆ ಕೊಡಿ.

ಪ್ರಶ್ನೆ: ನಮ್ಮ ಅಮ್ಮನಿಗೆ ಗಂಟಲಲ್ಲಿ ಟ್ರಕಿಯಾಸ್ಟಮಿ ಟ್ಯೂಬ್ ಇದೆ, ವೆಂಟಿಲೇಟರ್ ತೆಗೆದು ಐದು ದಿನ ಆಯ್ತು. ನೀರು ನೀರು ಅಂತ ಸನ್ನೆ ಮಾಡ್ತಾರೆ. ಒಂದು ಗುಟುಕೂ ಕೊಡಬೇಡಿ ಅಂತಾರೆ. ಮಾತೂ ಬರ್ತಿಲ್ಲ. ಕೆಮ್ಮೇ ಬರಲ್ಲ ಅಂದಮೇಲೆ ಸ್ವಲ್ಪ ನೀರು ಕೊಟ್ಟರೆ ಏನಾಗುತ್ತೆ?

ಉತ್ತರ: ದಯವಿಟ್ಟು ಕದ್ದು ಕೊಡಬೇಡಿ. ಕೆಮ್ಮು ಬರದಿರುವುದೇ ಭಯದ ವಿಷಯ. ಬಹಳ ದಿನ ಟ್ಯೂಬ್ ಇದ್ದವರ ಗಂಟಲು ಮರಗಟ್ಟಿದ ಹಾಗಿರುತ್ತದೆ. ನೀರು ದಾರಿ ತಪ್ಪಿ ಶ್ವಾಸಕೋಶಕ್ಕೆ ಇಳಿದರೂ ಗೊತ್ತಾಗುವುದಿಲ್ಲ. ಎರಡು ದಿನ ಬಿಟ್ಟು ಜ್ವರ, ಮತ್ತೆ ನ್ಯುಮೋನಿಯಾ. ನುಂಗುವ ಪರೀಕ್ಷೆ ಯಾವಾಗ ಮಾಡುತ್ತೀರಿ ಅಂತ ಸ್ಪೀಚ್ ಥೆರಪಿಸ್ಟ್‌ರನ್ನು ಕೇಳಿ. ಮೂಗಿನಿಂದ ಸಣ್ಣ ಕ್ಯಾಮೆರಾ ಇಳಿಸಿ, ಬಣ್ಣ ಹಾಕಿದ ನೀರು ಎಲ್ಲಿ ಹೋಗುತ್ತದೆ ಅಂತ ನೋಡುವ ಪರೀಕ್ಷೆಯೂ ಇದೆ. ಅಲ್ಲಿಯವರೆಗೆ ಬಾಯಿ ಒಣಗದಂತೆ ಒದ್ದೆ ಸ್ವಾಬ್‌ನಿಂದ ಒರೆಸುವುದು, ಹಲ್ಲು ನಾಲಿಗೆ ಚೊಕ್ಕಟ ಮಾಡುವುದು ನರ್ಸ್ ಹತ್ತಿರ ಕಲಿತು ನೀವೇ ಮಾಡಿ. ಬಾಯಾರಿಕೆಯ ಸಂಕಟ ಇದರಿಂದ ಎಷ್ಟೋ ಕಡಿಮೆಯಾಗುತ್ತದೆ.

ಮಾತು ಹೋಗಿಲ್ಲ. ಉಸಿರು ಧ್ವನಿಪೆಟ್ಟಿಗೆಗಿಂತ ಕೆಳಗೇ ಟ್ಯೂಬ್‌ನಿಂದ ಹೊರಗೆ ಹೋಗುತ್ತಿದೆ, ಅದಕ್ಕೆ ಸದ್ದು ಬರುತ್ತಿಲ್ಲ. ಟ್ಯೂಬ್ ಸುತ್ತಲಿನ ಬಲೂನಿನ ಗಾಳಿ ಇಳಿಸಿ ಸ್ಪೀಕಿಂಗ್ ವಾಲ್ವ್ (ಟ್ಯೂಬ್‌ನಿಂದ ಉಸಿರನ್ನು ಒಳಕ್ಕೆ ಮಾತ್ರ ಬಿಡುವ ಮುಚ್ಚಳ) ಹಾಕಿದರೆ ಎಷ್ಟೋ ಜನ ಆಗಲೇ ಮಾತಾಡುತ್ತಾರೆ. ಗಾಳಿ ಇಳಿಸದೆ ವಾಲ್ವ್ ಹಾಕಿದರೆ ಉಸಿರು ಬಿಡಲಾಗುವುದಿಲ್ಲ, ಹಾಗಾಗಿ ಅದನ್ನು ತಿಳಿದವರೇ ಮಾಡಬೇಕು. ಅಮ್ಮನಿಗೆ ಸಾಧ್ಯವಾ ಅಂತ ನಾಳೆಯೇ ಕೇಳಿ. ಅದುವರೆಗೆ ಒಂದು ಹಲಗೆಯ ಮೇಲೆ ನೋವು, ಸೆಕೆ, ಬಾಯಾರಿಕೆ, ಭಯ ಅಂತ ದಪ್ಪ ಅಕ್ಷರದಲ್ಲಿ ಬರೆದು ಮುಂದಿಡಿ. ಭಯ ಅನ್ನುವುದನ್ನು ಮರೆಯದೆ ಬರೆಯಿರಿ.

ಪ್ರಶ್ನೆ: ನಾನೇ ರೋಗಿ. ಐಸಿಯುನಿಂದ ಬಂದು ಏಳು ತಿಂಗಳು. ಮೈ ಸರಿಯಾಗಿದೆ. ಆದರೆ ಅಲ್ಲಿ ಗೋಡೆ ಮೇಲೆ ಹುಳ ಹರಿಯೋದು, ನರ್ಸ್ ನನ್ನ ಕೊಲ್ಲೋಕೆ ಬಂದಿದ್ದು ಇನ್ನೂ ಕಣ್ಣ ಮುಂದೆ ಬರುತ್ತೆ. ರಾತ್ರಿ ಬೆವೆತು ಏಳ್ತೀನಿ. ಆಫೀಸಲ್ಲಿ ಒಂದು ಪ್ಯಾರಾ ಮೂರು ಸಲ ಓದಬೇಕು. ಹೆಂಡತಿಗೂ ಹೇಳಿಲ್ಲ, ನನಗೆ ಹುಚ್ಚು ಹಿಡಿದಿದೆಯಾ?

ಉತ್ತರ: ಇಲ್ಲ. ನೀವು ಕಂಡದ್ದಕ್ಕೆ ಡೆಲಿರಿಯಂ ಅಂತ ಹೆಸರು. ತೀವ್ರ ಸೋಂಕು, ನಿದ್ದೆಯ ಔಷಧಿ, ಹಗಲು ರಾತ್ರಿ ಗೊತ್ತಾಗದ ದೀಪ, ಅಲಾರಂ ಸದ್ದು, ಇವೆಲ್ಲ ಸೇರಿದಾಗ ಮೆದುಳು ಹೀಗೆ ಗೊಂದಲಕ್ಕೆ ಬೀಳುತ್ತದೆ. ವೆಂಟಿಲೇಟರ್‌ನಲ್ಲಿದ್ದವರಲ್ಲಿ ಇದು ಬಹಳ ಸಾಮಾನ್ಯ, ಯಾರೂ ಹೇಳಿಕೊಳ್ಳುವುದಿಲ್ಲ ಅಷ್ಟೇ. ಓದಿದ್ದು ತಲೆಗೆ ಹತ್ತದಿರುವುದೂ ಅದರದೇ ಬಾಲ. 2013ರಲ್ಲಿ ಐಸಿಯುನಿಂದ ಬದುಕಿ ಬಂದವರನ್ನು ಒಂದು ವರ್ಷದ ಮೇಲೆ ಪರೀಕ್ಷಿಸಿದ ಅಧ್ಯಯನ ಬಂತು. ಸುಮಾರು ಮೂರರಲ್ಲಿ ಒಬ್ಬರ ನೆನಪು, ಯೋಚನೆಯ ಅಂಕಗಳು ತಲೆಗೆ ಮಧ್ಯಮ ಪ್ರಮಾಣದ ಪೆಟ್ಟು ಬಿದ್ದವರ ಮಟ್ಟದಲ್ಲಿದ್ದವು. ವಯಸ್ಸಾದವರಲ್ಲಿ ಮಾತ್ರವಲ್ಲ, ಚಿಕ್ಕವರಲ್ಲೂ. ಈ ಮೈ, ಮನಸ್ಸು, ನೆನಪಿನ ತೊಂದರೆಗಳನ್ನೆಲ್ಲ ಸೇರಿಸಿ ವೈದ್ಯರು ಪಿಕ್ಸ್ (ಪೋಸ್ಟ್ ಇಂಟೆನ್ಸಿವ್ ಕೇರ್ ಸಿಂಡ್ರೋಮ್) ಅಂತ ಕರೆಯುತ್ತಾರೆ. ಡಾಕ್ಟರ ಹತ್ತಿರ ಹೋದಾಗ ಇದೇ ಪದ ಬಳಸಿ.

ಏಳು ತಿಂಗಳಾದರೂ ಬೆವೆತು ಏಳುತ್ತಿದ್ದೀರಿ ಅಂದರೆ ಮನೋವೈದ್ಯರನ್ನೋ ಸೈಕಾಲಜಿಸ್ಟ್‌ರನ್ನೋ ನೋಡಲೇಬೇಕು. ಇದಕ್ಕೆ ಚಿಕಿತ್ಸೆ ಇದೆ. ಬದುಕೇ ಬೇಡ ಅನ್ನಿಸಿದರೆ ಒಂದು ದಿನವೂ ಕಾಯಬೇಡಿ. ಹೆಂಡತಿಗೆ ಇವತ್ತು ರಾತ್ರಿಯೇ ಹೇಳಿ, ಆ ದಿನಗಳಲ್ಲಿ ನಿಜವಾಗಿ ಏನು ನಡೆಯಿತು ಅಂತ ಅವರಿಂದ ಕೇಳಿ ಬರೆದುಕೊಳ್ಳಿ. ಕೆಲವು ಐಸಿಯುಗಳಲ್ಲಿ ನರ್ಸ್‌ಗಳು, ಮನೆಯವರು ಸೇರಿ ರೋಗಿಗಾಗಿ ದಿನಚರಿ ಬರೆದಿಡುತ್ತಾರೆ. ಸ್ಕ್ಯಾಂಡಿನೇವಿಯಾ ದೇಶಗಳಲ್ಲಿ ಶುರುವಾದ ಪದ್ಧತಿ ಅದು. ಕೊಲ್ಲಲು ಬಂದವಳು ಅಂತ ನೀವು ನೆನಪಿಟ್ಟುಕೊಂಡಿರುವ ನರ್ಸ್, ಆ ಹೊತ್ತಿನಲ್ಲಿ ನಿಮ್ಮ ಗಂಟಲಿನ ಕಫ ತೆಗೆಯುತ್ತಿದ್ದಿರಬಹುದು.

ಪ್ರಶ್ನೆ: ಅಕ್ಕ ಐಸಿಯುನಿಂದ ಬಂದು ಎರಡೂವರೆ ತಿಂಗಳು. ಚೆನ್ನಾಗಿ ನಡೀತಿದ್ದಾಳೆ. ಈಗ ಇದ್ದಕ್ಕಿದ್ದಂತೆ ಕೂದಲು ಹಿಡಿ ಹಿಡಿ ಉದುರ್ತಿದೆ. ಕಾಯಿಲೆ ಮರಳಿ ಬಂತಾ?

ಉತ್ತರ: ಬಹುಶಃ ಹಾಗೇನೂ ಇಲ್ಲ. ದೊಡ್ಡ ಕಾಯಿಲೆಯಾಗಿ ಎರಡು ಮೂರು ತಿಂಗಳಿಗೆ ಕೂದಲು ಉದುರುವುದು ಮಾಮೂಲು. ಕಾಯಿಲೆ ಜೋರಾಗಿದ್ದಾಗ ಕೂದಲ ಬುಡಗಳು ಬೆಳೆಯುವುದನ್ನು ನಿಲ್ಲಿಸಿರುತ್ತವೆ, ಆ ಕೂದಲು ಬಿದ್ದುಹೋಗುವುದು ಈಗ. ಬುಡ ಸತ್ತಿರುವುದಿಲ್ಲ, ಮತ್ತೆ ಬರುತ್ತದೆ. ಜ್ವರ, ತೂಕ ಇಳಿಯುವುದು, ಏದುಸಿರು ಇದ್ದರೆ ಮಾತ್ರ ತಕ್ಷಣ ತೋರಿಸಿ. ರಕ್ತಹೀನತೆ, ಥೈರಾಯ್ಡ್ ಇದೆಯಾ ಅಂತ ಒಮ್ಮೆ ಪರೀಕ್ಷೆ ಮಾಡಿಸಿದರೆ ಒಳ್ಳೆಯದು. ಅಕ್ಕನ ಕೈ ಉಗುರುಗಳನ್ನೂ ನೋಡಿ. ಅಡ್ಡಕ್ಕೆ ಒಂದು ತಗ್ಗು ಗೆರೆ ಇರಬಹುದು, ಉಗುರಿನ ನಡುವಿನ ಹತ್ತಿರ. ಕಾಯಿಲೆಯ ದಿನಗಳಲ್ಲಿ ಉಗುರು ಬೆಳೆಯದೆ ನಿಂತದ್ದರ ಗುರುತು ಅದು. ತಿಂಗಳಿಗೆ ಸುಮಾರು ಮೂರು ಮಿಲಿಮೀಟರ್ ಮುಂದಕ್ಕೆ ಸರಿಯುತ್ತಾ ಹೋಗುತ್ತದೆ. ಇನ್ನು ಕೆಲವು ತಿಂಗಳಲ್ಲಿ ತುದಿಗೆ ಬಂದಾಗ ಅಕ್ಕನೇ ಅದನ್ನು ಕತ್ತರಿಸಿ ಹಾಕಬಹುದು.