ಗೆಳತಿಯ ಚಿತ್ರಕ್ಕೆ ಸಂಗೀತ: ಕರಾರು ಕೇಳಲು ಸಂಕೋಚ

ಪ್ರಶ್ನೆ: ನಾನು ಧಾರವಾಡದವಳು, ವಯಸ್ಸು 29. ಬೆಂಗಳೂರಿನಲ್ಲಿ ಸಂಗೀತ ನಿರ್ದೇಶಕರೊಬ್ಬರ ಸಹಾಯಕಿಯಾಗಿದ್ದೇನೆ. ಅವರ ದೈನಂದಿನ ಧಾರಾವಾಹಿಯ ಹಿನ್ನೆಲೆ ಸಂಗೀತವನ್ನು ಬಹುಪಾಲು ನಾನೇ ಮಾಡುತ್ತೇನೆ. ಸಂಬಳ ತಪ್ಪುವುದಿಲ್ಲ, ಹೆಸರು ಮಾತ್ರ ಗುರುಗಳದು. ಈಗ ಕಾಲೇಜಿನ ಗೆಳತಿಯೊಬ್ಬಳು ತನ್ನ ಮೊದಲ ಚಿತ್ರಕ್ಕೆ ಕರೆದಿದ್ದಾಳೆ. ಸಣ್ಣದೊಂದು ಮೊತ್ತ ಕೊಟ್ಟು ಅದರಲ್ಲೇ ಎಲ್ಲ ಮುಗಿಸು ಎನ್ನುತ್ತಾಳೆ. ಕರಾರಿನ ಮಾತೆತ್ತಿದರೆ ಸ್ನೇಹ ಕೆಟ್ಟೀತೆಂಬ ಭಯ. ಕೆಲಸ ಬಿಟ್ಟು ಹೋಗಲೇ?

ಉತ್ತರ: ಕೆಲಸ ಬಿಡಬೇಡಿ, ಚಿತ್ರವನ್ನೂ ಒಪ್ಪಿಕೊಳ್ಳಿ. ಬಿ.ವಿ. ಕಾರಂತರು 1970ರ ದಶಕದಲ್ಲಿ ಚಿತ್ರಸಂಗೀತಕ್ಕಾಗಿ ಎರಡು ಬಾರಿ ರಾಷ್ಟ್ರಪ್ರಶಸ್ತಿ ಪಡೆದರೂ ಅವರ ಬದುಕು ನಡೆದದ್ದು ರಂಗಭೂಮಿಯಲ್ಲಿ. 1977ರಲ್ಲಿ ಅವರು ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಯ ನಿರ್ದೇಶಕರಾದರು. ಸ್ವತಂತ್ರ ಚಿತ್ರಗಳನ್ನೇ ನಂಬಿ ಮನೆ ಬಾಡಿಗೆ ಕಟ್ಟುವವರು ಇಂದಿಗೂ ವಿರಳ, ಆದ್ದರಿಂದ ಸಂಬಳದ ಕೆಲಸ ಇಟ್ಟುಕೊಳ್ಳುವುದು ಕಲೆಗೆ ಮಾಡುವ ದ್ರೋಹವೇನಲ್ಲ.

ನಿಮ್ಮನ್ನು ನಿಜವಾಗಿ ಕಾಡುತ್ತಿರುವುದು ಕರಾರಿನ ಸಂಕೋಚ. ಆ ಕಾಗದ ನಿಮಗಿಂತ ಹೆಚ್ಚಾಗಿ ನಿಮ್ಮ ಗೆಳತಿಗೇ ಬೇಕು. ನಮ್ಮ ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಹಕ್ಕಿನ ಹಸ್ತಾಂತರ ಬರವಣಿಗೆಯಲ್ಲಿರಬೇಕು. ಅದರಲ್ಲಿ ಅವಧಿ ನಮೂದಿಸದಿದ್ದರೆ 5 ವರ್ಷವೆಂದೂ ವ್ಯಾಪ್ತಿ ನಮೂದಿಸದಿದ್ದರೆ ಭಾರತಕ್ಕೆ ಮಾತ್ರವೆಂದೂ ಭಾವಿಸಲಾಗುತ್ತದೆ. ನಾಳೆ ಓಟಿಟಿಯವರೋ ಹೊರದೇಶದ ವಿತರಕರೋ ಚಿತ್ರ ಕೊಳ್ಳಲು ಬಂದಾಗ ಸಂಗೀತದ ಹಕ್ಕುಪತ್ರ ಎಲ್ಲಿ ಎಂದು ಮೊದಲು ಅವಳನ್ನೇ ಕೇಳುತ್ತಾರೆ. ಮಾತನ್ನು ಇಲ್ಲಿಂದ ಶುರುಮಾಡಿದರೆ ನೀವು ದುಡ್ಡಿಗಾಗಿ ಪಟ್ಟು ಹಿಡಿದಂತೆ ಅವಳಿಗೆ ಅನಿಸುವುದಿಲ್ಲ.

ಗಾಂಧಿನಗರದ ಭಾಷೆಯಲ್ಲಿ ಹೇಳುವುದಾದರೆ ಅವಳು ಕೇಳುತ್ತಿರುವುದು ‘ಪ್ಯಾಕೇಜ್’. ವಾದ್ಯಗಾರರ ಸಂಭಾವನೆ, ಸ್ಟುಡಿಯೋ ಬಾಡಿಗೆ, ಮಿಕ್ಸಿಂಗ್ ಎಲ್ಲವೂ ಒಂದೇ ಮೊತ್ತದಲ್ಲಿ ಸೇರಿ, ಕೊನೆಗೆ ಉಳಿದರೆ ಉಳಿದಷ್ಟು ನಿಮಗೆ. ಸಣ್ಣ ಚಿತ್ರಗಳಲ್ಲಿ ಸಾಮಾನ್ಯವಾಗಿ ಏನೂ ಉಳಿಯುವುದಿಲ್ಲ. ನಿಮ್ಮ ಸಂಭಾವನೆ ಕಡಿಮೆಯಿದ್ದರೂ ಬೇರೆಯಾಗಿರಲಿ, ಕೊಳಲಿನವರಿಗೂ ಸಾರಂಗಿಯವರಿಗೂ ಚಿತ್ರದ ಲೆಕ್ಕದಿಂದಲೇ ಹಣ ಹೋಗಲಿ. ಸಂಕಲನ ಅಂತಿಮವಾಗುವ ಮುನ್ನ ರೀರೆಕಾರ್ಡಿಂಗ್ (ದೃಶ್ಯಗಳಿಗೆ ಹಿನ್ನೆಲೆ ಸಂಗೀತ ಕೂಡಿಸುವ ಕೆಲಸ) ಶುರುಮಾಡಬೇಡಿ, ಏಕೆಂದರೆ ದೃಶ್ಯವೊಂದು ಹತ್ತು ಸೆಕೆಂಡ್ ಕುಗ್ಗಿದರೂ ನೀವು ಕೂಡಿಸಿದ ಲಯವೆಲ್ಲ ಕಳಚಿಕೊಳ್ಳುತ್ತದೆ. ಎಷ್ಟು ಸಲ ತಿದ್ದಿಕೊಡುತ್ತೀರೆಂಬುದನ್ನೂ ಬರೆದಿಡಿ; ಮೊದಲ ಚಿತ್ರ ಮಾಡುವವರಿಗೆ ಮನಸ್ಸು ಬದಲಾಯಿಸುವ ಹಕ್ಕು ಇದ್ದೇ ಇದೆ, ಆದರೆ ಅದಕ್ಕೊಂದು ಮಿತಿ ಬೇಕು.

ಇನ್ನು ಹೆಸರಿನ ವಿಚಾರ. ಇದನ್ನು ನೀವು ಸಂಬಳದೆದುರು ತೂಗಿ ಹಗುರವಾಗಿ ಕಂಡಿದ್ದೀರೆಂದು ಪತ್ರ ಓದಿದಾಗ ಅನ್ನಿಸಿತು. ಕೃತಿಸ್ವಾಮ್ಯ ಕಾಯ್ದೆಗೆ 2012ರಲ್ಲಾದ ತಿದ್ದುಪಡಿಯ ನಂತರ, ಚಿತ್ರದೊಳಗಿನ ಸಂಗೀತ ಚಿತ್ರಮಂದಿರದ ಪ್ರದರ್ಶನದ ಹೊರತಾಗಿ ಬೇರೆಲ್ಲೇ ಬಳಕೆಯಾದರೂ ಬರುವ ರಾಯಧನದಲ್ಲಿ ಸಂಯೋಜಕರಿಗೆ ಸಮಪಾಲು ಸಲ್ಲಬೇಕು. ಈ ಹಕ್ಕನ್ನು ವಾರಸುದಾರರಿಗೋ ಹಕ್ಕುಸಂಘಕ್ಕೋ ಅಲ್ಲದೆ ಯಾರಿಗೂ ಬಿಟ್ಟುಕೊಡಲಾಗದು. ಬಿಟ್ಟುಕೊಟ್ಟಿದ್ದೇನೆಂದು ಸಹಿ ಹಾಕಿದ್ದರೂ ಆ ಷರತ್ತು ಅಸಿಂಧು. ಧಾರಾವಾಹಿಗೂ ಇದೇ ನಿಯಮ. ಆದರೆ ಹಣವನ್ನು ಸಂಗ್ರಹಿಸಿ ಹಂಚುವ ಐಪಿಆರ್‌ಎಸ್‌ನಂಥ ಸಂಘ, ಕೃತಿಯ ನೋಂದಣಿಯಲ್ಲೂ ಕ್ಯೂ ಶೀಟಿನಲ್ಲೂ (ಯಾವ ತುಣುಕು ಎಲ್ಲಿ ಬಳಕೆಯಾಯಿತು, ಅದು ಯಾರದು ಎಂಬ ಪಟ್ಟಿ) ಯಾರ ಹೆಸರಿದೆಯೋ ಅವರಿಗೇ ಅದನ್ನು ಕಳಿಸುತ್ತದೆ. ತೆರೆಯ ಮೇಲೆ ಹೆಸರಿಲ್ಲದ ಬೇಸರವನ್ನಾದರೂ ಸಹಿಸಬಹುದು. ಕ್ಯೂ ಶೀಟಿನಲ್ಲಿ ಇಲ್ಲವಾದರೆ ವರ್ಷಗಳ ಆದಾಯವೇ ಬೇರೆಯವರ ಪಾಲಾಗುತ್ತದೆ.

ಹಾಗಾಗಿ ಈ ಚಿತ್ರದ ಕೆಲಸ ಆರಂಭಿಸುವ ಮೊದಲೇ ಸಂಘದ ಸದಸ್ಯತ್ವಕ್ಕೆ ಅರ್ಜಿ ಹಾಕಿ. ಗುರುಗಳ ಮುಂದೆ ಹಳೆಯ ಕಂತುಗಳ ಲೆಕ್ಕ ತೆಗೆಯುವುದು ಬೇಡ, ಅದು ಜಗಳಕ್ಕಷ್ಟೇ ದಾರಿ. ಇನ್ನು ಮುಂದೆ ಪೂರ್ತಿ ನಾನೇ ಸಂಯೋಜಿಸುವ ತುಣುಕುಗಳಲ್ಲಿ ಸಹಸಂಯೋಜಕಿಯೆಂದು ನನ್ನ ಹೆಸರೂ ಇರಲಿ ಎಂದು ವಿನಯದಿಂದಲೇ ಕೇಳಿ. ಅವರು ಒಪ್ಪದಿದ್ದರೆ, ಗೆಳತಿಯ ಚಿತ್ರ ಮುಗಿದು ನಿಮ್ಮ ಹೆಸರಿನಲ್ಲೊಂದು ಕೆಲಸ ತೋರಿಸುವಂತಾದ ಮೇಲೆ ಬೇರೆ ಧಾರಾವಾಹಿ ತಂಡಗಳನ್ನು ವಿಚಾರಿಸಿ. ಸಂಬಳ ಬಿಡುವ ಮಾತು ಅಲ್ಲಿಯವರೆಗೆ ಬೇಡ.