ಅಜ್ಜಿಯ ಮರೆವಿನ ಬಗ್ಗೆ ಪ್ರಯೋಗಾತ್ಮಕ ಕಿರುಚಿತ್ರ: ಸೂಪರ್ 8 ರೀಲು ಬೇಕೇ, ಮೊಬೈಲ್ ಸಾಕೇ?

ನಿಮ್ಮ ಅಜ್ಜಿಯ ಮರೆವಿನ ಚಿತ್ರವನ್ನು ಯಾವುದರಲ್ಲಿ ತೆಗೆಯಲಿ, ದೃಶ್ಯ ಮಸುಕಾಗಿಸಲೇ ಎಂದು ಕೇಳಿದ್ದೀರಿ. ಕ್ಯಾಮೆರಾ ವಿಷಯ ಆಮೇಲೆ. ಅಜ್ಜಿ ತಪ್ಪು ಹೇಳುವಾಗ ನೀವು ಬಾಯಿ ಮುಚ್ಚಿಕೊಂಡಿರಬಲ್ಲಿರಾ? ನನ್ನಿಂದ ಆಗಲಿಲ್ಲ.

ನಮ್ಮದು ಹಾಸನ. ಗೊರೂರಿನಲ್ಲಿ ಹೇಮಾವತಿಗೆ ಅಣೆಕಟ್ಟು ಬಂದಾಗ ಅಜ್ಜಿಯ ಊರು ಹಿನ್ನೀರಿನ ಪಾಲಾಯಿತು. ಊರು ಬಿಟ್ಟ ದಿನವನ್ನೇ ಕಿರುಚಿತ್ರ ಮಾಡಲು ಹೊರಟೆ. ಮೊದಲ ದಿನ ಅಜ್ಜಿ, ಒರಳುಕಲ್ಲನ್ನು ಅಲ್ಲೇ ಬಿಟ್ಟು ಬಂದೆವು, ಬೇಸಿಗೆಯಲ್ಲಿ ಹೊಳೆ ಇಳಿದ ಮೇಲೂ ಅದರ ಕುಳಿಯಲ್ಲಿ ಒಂದು ಬೊಗಸೆ ನೀರು ನಿಂತಿರುತ್ತದೆ ಎಂದಳು, ಅಂಗೈ ಗುಳಿ ಮಾಡಿ ತೋರಿಸುತ್ತಾ. ಒರಳೋ ನಮ್ಮ ಹಿತ್ತಿಲಲ್ಲಿ, ಕರಿಬೇವಿನ ಗಿಡದ ಬುಡದಲ್ಲೇ ಇದೆ! ‘ಗಾಡಿಯಲ್ಲಿ ಹೇರಿಕೊಂಡು ಬಂದಿರಿ ಅಜ್ಜಿ, ಇನ್ನೊಂದು ಸಲ ಹೇಳು’ ಎಂದೆ. ‘ಹೌದೇನಪ್ಪಾ?’ ಎಂದಳು. ಮರುದಿನವೂ ತಿದ್ದಿದೆ. ಮೂರನೆಯ ದಿನ ನನ್ನದೇ ವಾಕ್ಯವನ್ನು ಮಗ್ಗಿಯಂತೆ ಒಪ್ಪಿಸಿ, ಸರಿಯಾಯಿತೇ ಎಂದು ನನ್ನ ಮುಖ ನೋಡಿದಳು. ಮೆಮೊರಿ ಕಾರ್ಡ್ ತುಂಬಿತ್ತೆಂದು ಮೊದಲೆರಡು ದಿನದ ‘ತಪ್ಪು’ ಚಿತ್ರಣವನ್ನು ನಾನೇ ಅಳಿಸಿದ್ದೆ. ಆಮೇಲೆ ಎಷ್ಟು ಕೇಳಿದರೂ ಆ ಬೊಗಸೆ ನೀರು ವಾಪಸು ಬರಲಿಲ್ಲ. ಚಿತ್ರ ಇದ್ದದ್ದೇ ಅದರಲ್ಲಿ. ತಿದ್ದಿದ್ದು ಒಂದು ತಪ್ಪು ಎನ್ನಿ, ಅಳಿಸಿದ್ದಕ್ಕೆ ನನಗೆ ಇವತ್ತಿಗೂ ಕ್ಷಮೆ ಇಲ್ಲ.

ಒಂದೇ ಕಥೆಯನ್ನು ಮತ್ತೆ ಮತ್ತೆ ಹೇಳಿಸಿದರೆ ಅದು ಹೇಳುವವರಿಗೆ ಒಗ್ಗುವ ಆಕಾರಕ್ಕೆ ತಿರುಗುತ್ತದೆ ಎಂದು ಮನೋವಿಜ್ಞಾನಿ ಫ್ರೆಡೆರಿಕ್ ಬಾರ್ಟ್ಲೆಟ್ 1932ರಲ್ಲೇ ತೋರಿಸಿದ್ದರು. ನಾನು ಓದಿದ್ದು ಎಲ್ಲ ಮುಗಿದ ಮೇಲೆ. ನಮ್ಮ ಮನೆಯಲ್ಲಂತೂ ಕಥೆ ಕೇಳುವವನ ಆಕಾರಕ್ಕೆ ತಿರುಗಿತು.

ಸೂಪರ್ 8 ಎಂಬ ಹಳೆಯ ಕಾಲದ ಸಣ್ಣ ಫಿಲ್ಮ್ ರೀಲು ಬೇಡ. 50 ಅಡಿ ಫಿಲ್ಮಿನ ಒಂದು ಕಾರ್ಟ್ರಿಜ್, ಸೆಕೆಂಡಿಗೆ 18 ಫ್ರೇಮಿನಂತೆ ಓಡಿಸಿದರೂ 3 ನಿಮಿಷ 20 ಸೆಕೆಂಡಿಗೆ ಮುಗಿಯುತ್ತದೆ. ಅಜ್ಜಿಗೆ ಸೆರಗು ಸರಿಮಾಡಿಕೊಳ್ಳಲು ಅಷ್ಟು ಹೊತ್ತು ಬೇಕು. ಮೊಬೈಲ್ ಸಾಕು, ಕಾರ್ಡ್ ಎರಡಿರಲಿ. ನೆನಪೆಂದರೆ ದೃಶ್ಯ ಮಸುಕಾಗಿಸಬೇಕು, ಗೀರು ಹಾಕಬೇಕು ಎಂಬ ನಿಮ್ಮ ಯೋಚನೆಯನ್ನೂ ನಾನು ಒಪ್ಪುವುದಿಲ್ಲ. ಅಜ್ಜಿಯ ‘ಸುಳ್ಳು’ ಒರಳು ಹಿತ್ತಿಲಿನದಕ್ಕಿಂತ ಸ್ಪಷ್ಟವಾಗಿತ್ತು. ಇದೇ ಹಿನ್ನೀರಿನಲ್ಲಿ ಮುಳುಗುವ ಶೆಟ್ಟಿಹಳ್ಳಿಯ ಪಾಳು ಚರ್ಚಿನ ಡ್ರೋನ್ ದೃಶ್ಯವನ್ನಂತೂ ದಯವಿಟ್ಟು ಸೇರಿಸಬೇಡಿ, ನೋಡಿ ನೋಡಿ ಸಾಕಾಗಿದೆ.

ಅಜ್ಜಿ ಹೋದ ಮೇಲೆ ಒಮ್ಮೆ ಅಪ್ಪನನ್ನು ಕೇಳಿದೆ, ಈ ಒರಳನ್ನು ಗಾಡಿಯಲ್ಲೇ ತಂದದ್ದಲ್ಲವೇ ಎಂದು. ‘ಇದಾ? ಇದು ಇಲ್ಲಿಗೆ ಬಂದ ಮೇಲೆ ಸಂತೆಯಲ್ಲಿ ಕೊಂಡದ್ದಿರಬೇಕು’ ಎಂದರು.